ಶೆಡ್ಡಲ್ಲಿ ನಿಂತ ಗಾಡಿಗೆ ಎಂಟು ಕಂತಿನ ಟ್ಯಾಕ್ಸು

ಕಾಸರಗೋಡಿನವ ನಾನು. ಬಾಡಿಗೆಗೆ ಓಡಿಸಲು ಇರುವುದು 17 ಸೀಟಿನ ಒಂದೇ ಟ್ರಾವೆಲರ್. ಇಂಜಿನ್ ಕೆಲಸ ಬಂತು, ಕೈಯಲ್ಲಿ ದುಡ್ಡಿರಲಿಲ್ಲ, ಗಾಡಿ ಒಂದೂಕಾಲು ವರ್ಷ ಶೆಡ್ಡಲ್ಲೇ ನಿಂತಿತು. ಓಡದ ಗಾಡಿಗೆ ಯಾವ ಟ್ಯಾಕ್ಸು ಅಂತ ಸುಮ್ನಿದ್ದೆ.

ಅಲ್ಲೇ ಎಡವಿದ್ದು. ಗಾಡಿ ಓಡಿತೋ ಇಲ್ಲವೋ ಅಂತ ಯಾರೂ ಬಂದು ನೋಡುವುದಿಲ್ಲ. ನಿಲ್ಲಿಸುವುದಾದರೆ ಮುಂಚೆಯೇ ಆರ್‌ಟಿ ಆಫೀಸಿಗೆ ಜಿ ಫಾರ್ಮ್, ಅಂದರೆ ಗಾಡಿ ಓಡಿಸುವುದಿಲ್ಲ ಅಂತ ತಿಳಿಸುವ ಅರ್ಜಿ ಕೊಡಬೇಕು, ಕೊಡದಿದ್ದರೆ ಗಾಡಿ ಓಡಿದೆ ಅಂತಲೇ ಲೆಕ್ಕ. ಜನವರಿ, ಏಪ್ರಿಲ್, ಜುಲೈ, ಅಕ್ಟೋಬರ್ ಅಂತ ಮೂರು ತಿಂಗಳಿಗೊಮ್ಮೆ ಕ್ವಾರ್ಟರಿನ ಟ್ಯಾಕ್ಸು ಬರುತ್ತಲೇ ಇರುತ್ತದೆ, ತಡವಾದದ್ದಕ್ಕೆ ಅಡಿಷನಲ್ ಟ್ಯಾಕ್ಸ್ ಬೇರೆ. ನೋಟಿಸ್ ಬಂದಾಗ ಬಾಕಿ 96,000 ರೂಪಾಯಿ! ಕಟ್ಟದಿದ್ದರೆ ರೆವೆನ್ಯೂ ರಿಕವರಿ, ಅಂದರೆ ಜಪ್ತಿಯವರೆಗೂ ಹೋಗಬಹುದು.

ಆಫೀಸಿಗೆ ಹೋಗಿ ಸ್ವಲ್ಪ ಸ್ವಲ್ಪ ಕಟ್ಟುತ್ತೇನೆ ಅಂದೆ. ಕಂತು ಮಾಡಿಕೊಡಲು ತಮಗೆ ಆಗುವುದಿಲ್ಲ ಅಂದರು. ಅಲ್ಲೇ ಸಿಕ್ಕಿದ ಬಸ್ಸಿನ ಧಣಿಯೊಬ್ಬರು, ಹೈಕೋರ್ಟಿಗೆ ಒಂದು ರಿಟ್ ಅರ್ಜಿ ಹಾಕಿ ಕಂತು ಕೇಳಿ ಮಾರಾಯ್ರೆ, ನಾವೆಲ್ಲ ಹಾಗೇ ಮಾಡಿದ್ದು ಅಂದರು.

ಹೈಕೋರ್ಟ್ ಅಂದ ಕೂಡಲೇ ಹೆದರಿದ್ದೆ, ಸುಳ್ಳು ಯಾಕೆ. ಆದರೆ ಹೈಕೋರ್ಟ್ ಇರುವ ಎರ್ನಾಕುಳಂಗೆ ನಾನು ಹೋಗಲೇ ಇಲ್ಲ. ಊರಿನ ವಕೀಲರ ಹತ್ತಿರ ವಕಾಲತ್ತು ಮತ್ತು ಅಫಿಡವಿಟ್‌ಗೆ ಸಹಿ ಹಾಕಿ, ಆರ್‌ಸಿ, ನೋಟಿಸ್, ಗ್ಯಾರೇಜಿನ ಬಿಲ್ಲು ಕೊಟ್ಟೆ. ಅಲ್ಲಿನ ಅವರ ಸ್ನೇಹಿತರು ಕೇಸು ಹಾಕಿದರು. ಗಾಡಿ ನಿಂತಿತ್ತು, ಮನ್ನಾ ಮಾಡಿ ಅಂತ ಕೇಳಬಾರದಾ ಅಂದೆ. ವಕೀಲರು, ಜಿ ಫಾರ್ಮ್ ಇಲ್ಲದೆ ಅದನ್ನು ಎಳೆದರೆ ವರ್ಷಗಟ್ಟಲೆ ಹೋಗುತ್ತದೆ, ಬಾಕಿ ಒಪ್ಪಿಕೊಂಡು ಸಮಯ ಮಾತ್ರ ಕೇಳುವಾ ಅಂದರು. ಅವರ ಮಾತು ಸರಿಯೇ ಇತ್ತು, ಮೊದಲ ದಿನವೇ ಆರ್ಡರ್ ಆಯಿತು: ಎಂಟು ಸಮ ಕಂತು, ತಿಂಗಳಿಗೆ 12,000.

ಆರ್ಡರಿನ ಕೊನೆಯ ಎರಡು ಸಾಲನ್ನು ಸರಿಯಾಗಿ ಓದಿಕೊಳ್ಳಿ. ಒಂದು ಕಂತು ತಪ್ಪಿದರೂ ಆರ್ಡರಿನ ಪ್ರಯೋಜನ ಹೋಯಿತು, ಆಫೀಸಿನವರು ಪೂರ್ತಿ ವಸೂಲಿಗೆ ಇಳಿಯಬಹುದು. ಕಂತಿನ ಜೊತೆಗೆ ಆಯಾ ಕ್ವಾರ್ಟರಿನ ಟ್ಯಾಕ್ಸನ್ನೂ ಕಟ್ಟುತ್ತಿರಬೇಕು. ನಾನು 12,000 ಅಂತ ಮಾತ್ರ ಲೆಕ್ಕ ಹಾಕಿದ್ದೆ. ಕ್ವಾರ್ಟರ್ ಬಂದ ತಿಂಗಳು ಡಬಲ್ ಹೊಡೆತ ಬಿತ್ತು, ತಮ್ಮನ ಹತ್ತಿರ ಸಾಲ ಮಾಡಿ ಕಡೇ ದಿನ ಕಟ್ಟಿದೆ.

ಆರ್ಡರಿನ ಸರ್ಟಿಫೈಡ್ ಕಾಪಿಯನ್ನು ಆಫೀಸಿಗೆ ಕೊಟ್ಟು, ನಮ್ಮ ಪ್ರತಿಗೆ ಸೀಲು ಹಾಕಿಸಿಕೊಂಡೆ. ಪ್ರತಿ ರಸೀದಿಯನ್ನೂ ಅದರ ಹಿಂದೆಯೇ ಪಿನ್ ಮಾಡಿಟ್ಟೆ. ನಡುವೆ ಕೌಂಟರಿನವರು ಬದಲಾದಾಗ ಉಪಯೋಗಕ್ಕೆ ಬಂದದ್ದು ಅದೇ.

ಹಾಂ, ಕ್ಷೇಮನಿಧಿ, ಅಂದರೆ ಮೋಟಾರ್ ಕಾರ್ಮಿಕರ ಕಲ್ಯಾಣಕ್ಕೆ ಕಟ್ಟುವ ದುಡ್ಡು! ಅದನ್ನು ಕಟ್ಟಿದ ರಸೀದಿ ತೋರಿಸದಿದ್ದರೆ ಕೇರಳದಲ್ಲಿ ಬಾಡಿಗೆ ಗಾಡಿಯ ಟ್ಯಾಕ್ಸು ತೆಗೆದುಕೊಳ್ಳುವುದಿಲ್ಲ. ಅದೂ ಬಾಕಿ ಇತ್ತು. ಅದನ್ನೂ ಕಂತಲ್ಲಿ ಕೇಳಬೇಕು ಅಂತ ನನಗೆ ಹೊಳೆದಿರಲೇ ಇಲ್ಲ, ಮೊದಲ ಕಂತಿನ ಹಿಂದಿನ ದಿನ ಹೆಂಡತಿಯ ಒಂದು ಬಳೆ ಬ್ಯಾಂಕಿಗೆ ಹೋಯಿತು.