ಶಾಲೆ ಕೊಡದ ಗ್ರಾಚ್ಯುಟಿ ಕೈಗೆ ಬಂದದ್ದು ಹೀಗೆ

ಬೆಂಗಳೂರಿನ ಖಾಸಗಿ ಶಾಲೆಯೊಂದರಲ್ಲಿ ಹನ್ನೊಂದು ವರ್ಷ ಗಣಿತ ಪಾಠ ಮಾಡಿ 2023ರಲ್ಲಿ ಕೆಲಸ ಬಿಟ್ಟೆ. ಗ್ರಾಚ್ಯುಟಿ, ಅಂದರೆ ವರ್ಷಗಟ್ಟಲೆ ದುಡಿದವರು ಕೆಲಸ ಬಿಡುವಾಗ ಸಂಸ್ಥೆ ಕೊಡಬೇಕಾದ ಹಣ, ಕೇಳಿದರೆ, "ಟೀಚರ್‌ಗಳಿಗೆ ಅದೆಲ್ಲ ಬರಲ್ಲ ಮೇಡಂ" ಅಂದರು. ಶುದ್ಧ ಸುಳ್ಳು. ಗ್ರಾಚ್ಯುಟಿ ಪಾವತಿ ಕಾಯ್ದೆಯ 2009ರ ತಿದ್ದುಪಡಿ 1997ರಿಂದಲೇ ಅನ್ವಯವಾಗುವಂತೆ ಶಿಕ್ಷಕರನ್ನೂ ಸೇರಿಸಿತ್ತು. 2022ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ದುಡಿದ ದುಡ್ಡು ಕೇಳೋಕೆ ಸಂಕೋಚ ಯಾಕೆ, ಅಲ್ವಾ?

ಶಾಲೆಗೆ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಅರ್ಜಿ ಕಳಿಸಿದೆ. ಉತ್ತರವಿಲ್ಲ. ಆಮೇಲೆ ಬನ್ನೇರುಘಟ್ಟ ರಸ್ತೆಯ ಕಾರ್ಮಿಕ ಭವನದಲ್ಲಿರುವ ಕಾರ್ಮಿಕ ಇಲಾಖೆಗೆ ಫಾರಂ 'ಎನ್', ಅಂದರೆ ಗ್ರಾಚ್ಯುಟಿ ಕೊಡಿಸಿ ಎಂದು ಕೇಳುವ ಅರ್ಜಿ, ಕೊಟ್ಟೆ. ಶಾಲೆಯವರು ನೇಮಕ ಪತ್ರ ಕೊಟ್ಟೇ ಇರಲಿಲ್ಲ. ಪಾಸ್‌ಬುಕ್ಕಿನಲ್ಲಿ ಪ್ರತಿ ತಿಂಗಳೂ ಶಾಲೆಯ ಹೆಸರಲ್ಲಿ ಜಮೆಯಾದ ಸಂಬಳದ ಸಾಲುಗಳೇ ಸಾಕ್ಷಿಯಾದವು. ಆಗಿನ ಲೆಕ್ಕ ಸುಲಭ: ಕೊನೆಯ ಮೂಲ ವೇತನಕ್ಕೆ ತುಟ್ಟಿಭತ್ಯೆ ಕೂಡಿಸಿ, 26ರಿಂದ ಭಾಗಿಸಿ, 15ರಿಂದಲೂ ಸೇವೆಯ ವರ್ಷಗಳಿಂದಲೂ ಗುಣಿಸಬೇಕಿತ್ತು. ಬಡ್ಡಿ ಸೇರಿಸಿ ಕೊಡಿ ಎಂದು ಇಲಾಖೆಯ ಅಧಿಕಾರಿಯಿಂದ ಶಾಲೆಗೆ ಆದೇಶವಾಯಿತು. ಹಣ ಖಾತೆಗೆ ಬಂತು.