ದೊಡ್ಡ ಆಟಕ್ಕೆ ಅಂಗೈಯಗಲದ ಪರದೆ

ಒಂದು ಪಾತ್ರವಾಗಿ ಕಥೆಯೊಳಗೆ ಸಾಗುವ ಇಂದಿನ ರೋಲ್ ಪ್ಲೇಯಿಂಗ್ ಗೇಮ್‌ಗಳು ಹತ್ತಾರು ಗಿಗಾಬೈಟ್ ಜಾಗ ನುಂಗುತ್ತವೆ. 1989ರಲ್ಲಿ ಬಂದ, ಕೈಯಲ್ಲಿ ಹಿಡಿದು ಆಡುವ ಯಂತ್ರ ನಿಂಟೆಂಡೊ ಗೇಮ್ ಬಾಯ್‌ನ ಆಸ್ತಿಯೋ, 8 ಕಿಲೋಬೈಟ್ ಕೆಲಸದ ಮೆಮೊರಿ, 160×144 ಪಿಕ್ಸೆಲ್‌ಗಳ ಪರದೆ, ನಾಲ್ಕು ಛಾಯೆ. ಅಂಥ ದೊಡ್ಡ ಆಟವನ್ನು ಈ ಪುಟ್ಟ ಯಂತ್ರಕ್ಕೆ ಒಗ್ಗುವಂತೆ ಹೊಸದಾಗಿ ಕಟ್ಟುವುದೇ ‘ಡೀಮೇಕ್’.

ಮೊದಲು ಕತ್ತರಿ ಹಿಡಿಯಿರಿ. ಆ ಆಟ ನಿಮ್ಮನ್ನು ಏಕೆ ಹಿಡಿದಿಟ್ಟಿತು ಎಂಬುದನ್ನು ಒಂದೇ ವಾಕ್ಯದಲ್ಲಿ ಬರೆಯಿರಿ. ಆ ವಾಕ್ಯಕ್ಕೆ ಬೇಡದ್ದೆಲ್ಲ ಹೊರಕ್ಕೆ. ಒಂದು ಊರು, ಒಂದು ಕಾಡು, ಒಂದು ಗುಹೆ ಮೊದಲ ಯತ್ನಕ್ಕೆ ಧಾರಾಳ.

ನಂತರ ನಕ್ಷೆ. ಪರದೆ 8×8 ಪಿಕ್ಸೆಲ್‌ಗಳ ಚೌಕಗಳಲ್ಲಿ, ಅಂದರೆ ಟೈಲ್‌ಗಳಲ್ಲಿ, ಅಡ್ಡಕ್ಕೆ 20, ಉದ್ದಕ್ಕೆ 18. ಚೌಕುಳಿ ಕಾಗದದಲ್ಲೇ ಬಿಡಿಸಬಹುದು.

ನಿಜವಾದ ಪರೀಕ್ಷೆ ನಾಯಕನದು. ಅವನಿಗೆ ಸಿಗುವುದು 16×16 ಪಿಕ್ಸೆಲ್. ಒಂದು ಛಾಯೆ ಪಾರದರ್ಶಕತೆಗೆ ಹೋಗಿ ಉಳಿಯುವುದು ಮೂರೇ. ನನ್ನ ಮೊದಲ ನಾಯಕನಿಗೆ ಗಡ್ಡ, ಕತ್ತಿ, ಎದೆಕವಚ ಎಲ್ಲವನ್ನೂ ತುರುಕಿದ್ದೆ. ಕಂಡದ್ದು ಮಸಿಯ ಕಲೆ. ಎಲ್ಲವನ್ನೂ ಅಳಿಸಿ, ಎರಡು ಚುಕ್ಕೆ ಕಣ್ಣು ಮತ್ತು ಹೆಜ್ಜೆಗೊಮ್ಮೆ ಒಂದು ಪಿಕ್ಸೆಲ್ ಹಾರುವ ಮೇಲಂಗಿಯ ಅಂಚು ಉಳಿಸಿದಾಗ ಅವನು ನಡೆಯತೊಡಗಿದ. ಎಡಮುಖವನ್ನು ಮತ್ತೆ ಬಿಡಿಸಬೇಕಿಲ್ಲ. ಬಲಮುಖವನ್ನು ಯಂತ್ರವೇ ತಿರುಗಿಸಿ ತೋರಿಸುತ್ತದೆ.

ಕಾಳಗದಲ್ಲಿ ಎಚ್ಚರ. ಒಂದು ಅಡ್ಡಗೆರೆಯಲ್ಲಿ ಹತ್ತು ಸ್ಪ್ರೈಟ್‌ಗಳಷ್ಟೇ, ಅಂದರೆ ಹಿನ್ನೆಲೆಯ ಮೇಲೆ ಚಲಿಸುವ ಪುಟ್ಟ ಚಿತ್ರಗಳಷ್ಟೇ, ಕಾಣುತ್ತವೆ. ಸ್ಪ್ರೈಟಿನ ಅಗಲ ಎಂಟು ಪಿಕ್ಸೆಲ್ ಆದ್ದರಿಂದ ನಾಯಕನೊಬ್ಬನೇ ಎರಡನ್ನು ಬಳಸುತ್ತಾನೆ. ಅದೇ ಗಾತ್ರದ ಐವರು ಸಾಲಾಗಿ ನಿಂತರೆ ಆರನೆಯವನು ಮಾಯ. ಹಾಗಾಗಿ ದಂಡು ಮುತ್ತುವ ಕಾಳಗವನ್ನು ಸರದಿಯ ಕಾಳಗವಾಗಿ ಬದಲಿಸುವುದೇ ಜಾಣತನ.

ಮಾತೂ ಮಿತವಾಗಿರಲಿ. ಮಾತಿನ ಪೆಟ್ಟಿಗೆಯ ಚೌಕಟ್ಟು ಕಳೆದರೆ ಸಾಲಿಗೆ 18 ಟೈಲ್. ಕನ್ನಡದಲ್ಲಿ ಬರೆಯುವಿರಾದರೆ ಒತ್ತಕ್ಷರಕ್ಕೆ ಕೆಳಗಿನ ಟೈಲನ್ನೂ ಬಿಟ್ಟುಕೊಡಿ. ‘ಸ್ತ್ರೀ’ ಎಂಟು ಪಿಕ್ಸೆಲ್‌ಗಳಲ್ಲಿ ಉಸಿರಾಡಲಾರದು. ಸಂಗೀತಕ್ಕೆ ನಾಲ್ಕು ಚಾನೆಲ್, ಅಂದರೆ ಒಮ್ಮೆಗೆ ನಾಲ್ಕೇ ದನಿ. ಮೂಲ ರಾಗವನ್ನು ಗುನುಗಿ ನೋಡಿ. ಬಾಯಿಗೆ ಬಂದಷ್ಟೇ ಸಾಕು.

ಜೋಡಿಸಲು ಉಚಿತವಾಗಿ ಸಿಗುವ ಜಿಬಿ ಸ್ಟುಡಿಯೋ ಎಂಬ ತಂತ್ರಾಂಶ ಇದೆ, ಕೋಡ್ ಬರೆಯದೆಯೂ ಕೆಲಸ ಸಾಗುತ್ತದೆ. ಹೊರಗೆ ಹಂಚುವ ಯೋಚನೆಯಿದ್ದರೆ ಹೆಸರು, ಪಾತ್ರಗಳನ್ನು ಬದಲಿಸಿ, ಹಕ್ಕುಸ್ವಾಮ್ಯ ಮೂಲದವರದ್ದು.

ಕಂಪ್ಯೂಟರಿನಲ್ಲಿ ಗೇಮ್ ಬಾಯ್‌ನಂತೆ ವರ್ತಿಸುವ ತಂತ್ರಾಂಶವಾದ ಎಮ್ಯುಲೇಟರ್‌ನಲ್ಲಿ ಚೆನ್ನಾಗಿ ಕಂಡಿತೆಂದು ನಿಲ್ಲಿಸಬೇಡಿ. ಹಳೆಯ ಯಂತ್ರದ ಪರದೆಗೆ ಹಿಂಬೆಳಕಿಲ್ಲ, ಚಲಿಸುವ ಚಿತ್ರ ಬಾಲದಂತೆ ಎಳೆದುಕೊಳ್ಳುತ್ತದೆ. ಅಲ್ಲಿ ಮೇಲಂಗಿಯ ಅಂಚು ಕಾಣದಿದ್ದರೆ ಇನ್ನೊಂದು ಛಾಯೆ ಗಾಢ ಮಾಡಿ, ಮತ್ತೆ ನಡೆಸಿ ನೋಡಿ.