ಎಡ ಪಕ್ಕೆ ಕಲಿಸಿದ್ದು

ಮೇ ತಿಂಗಳ ಕೊನೆ. ಮಾಲಾದೇವಿ ಮೈದಾನದಲ್ಲಿ ಟೆನ್ನಿಸ್ ಬಾಲ್ ಪಂದ್ಯ. ಎರಡನೇ ಓವರಿನಲ್ಲಿ ಬಾಲ್ ಕೈಬಿಡುವ ಹೊತ್ತಿಗೆ ಎಡ ಪಕ್ಕೆಯಲ್ಲಿ ಬಟ್ಟೆ ಹರಿದ ಹಾಗಾಯಿತು. ನಾನು ಬಲಗೈ ಬೌಲರ್, ನೋವು ಎಡಕ್ಕೆ. ಕಾರವಾರದಲ್ಲಿ ಫಿಸಿಯೋಥೆರಪಿ ಮಾಡುವವನು ನಾನು. ಪಕ್ಕೆಯ ಸ್ನಾಯು ಹರಿದಿದೆ ಅಂತ ಅಲ್ಲೇ ಅಂದಾಜಾಯಿತು. ಆದರೂ ಓವರ್ ಮುಗಿಸಿದೆ. ಆ ಉಳಿದ ನಾಲ್ಕು ಬಾಲ್ ಹಾಕಬಾರದಿತ್ತು.

ಮರುದಿನ ಹಾಸಿಗೆಯಿಂದ ನೇರ ಏಳಲು ಆಗಲಿಲ್ಲ. ಬಲಕ್ಕೆ ಹೊರಳಿ, ಕೈ ಊರಿ ಎದ್ದೆ. ಕೆಮ್ಮಿದರೆ ಕಣ್ಣಲ್ಲಿ ನೀರು. ನಗುವುದೂ ಕಷ್ಟ. ಹೊಟ್ಟೆಯ ಓರೆ ಸ್ನಾಯುಗಳು ಉಸಿರನ್ನು ಜೋರಾಗಿ ಹೊರಗೆ ತಳ್ಳುತ್ತವೆ ಅಂತ ಕಾಲೇಜಿನಲ್ಲಿ ಓದಿದ್ದೆ. ಅದು ಮೈಗೆ ಗೊತ್ತಾಗಿದ್ದು ಆವತ್ತು. ಪಕ್ಕೆಲುಬು ಮುರಿದಿದೆಯೇನೋ ಎಂದು ಎಕ್ಸ್‌ರೇ ತೆಗೆಸಿದೆ. ಮುರಿದಿರಲಿಲ್ಲ.

ಈ ಸ್ನಾಯುಗಳು ಎರಡು ಪದರ. ಮೇಲಿನದು ಎಕ್ಸ್‌ಟರ್ನಲ್ ಆಬ್ಲಿಕ್. ಕೆಳಗಿನ 8 ಪಕ್ಕೆಲುಬುಗಳ ಹೊರಮೈಯಿಂದ ಹೊರಟು, ಹೊಟ್ಟೆಯ ನಡುಗೆರೆಯ ಕಡೆಗೂ ಸೊಂಟದ ಎಲುಬಿನ ಕಡೆಗೂ ಇಳಿಯುತ್ತದೆ. ಪ್ಯಾಂಟಿನ ಜೇಬಿಗೆ ಕೈ ಹಾಕಿ ನೋಡಿ. ಬೆರಳು ಹೋದ ದಿಕ್ಕೇ ಅದರ ಎಳೆಗಳ ದಿಕ್ಕು. ಅದರಡಿ ಇಂಟರ್ನಲ್ ಆಬ್ಲಿಕ್. ಇದು ತಿರುಗಾಮುರುಗ. ಸೊಂಟದ ಎಲುಬಿನಿಂದ ಮೇಲಕ್ಕೆ ಹತ್ತಿ ಕೊನೆಯ ಪಕ್ಕೆಲುಬುಗಳಿಗೂ ನಡುಗೆರೆಗೂ ಸೇರುತ್ತದೆ. ಬಲೆಯ ನೂಲಿನ ಹಾಗೆ ಎರಡರ ಎಳೆಗಳೂ ಒಂದನ್ನೊಂದು ಅಡ್ಡ ಹಾಯುತ್ತವೆ. ಇನ್ನೂ ಒಳಗೆ ಟ್ರಾನ್ಸ್‌ವರ್ಸಸ್, ಹೊಟ್ಟೆಗೆ ಪಟ್ಟಿ ಸುತ್ತಿದ ಹಾಗೆ.

ಇದರಲ್ಲಿ ನನಗೆ ತುಂಬಾ ಇಷ್ಟದ ಸಂಗತಿ ಒಂದಿದೆ. ಮೈ ಎಡಕ್ಕೆ ತಿರುಗಬೇಕಾದರೆ ಬಲಗಡೆಯ ಎಕ್ಸ್‌ಟರ್ನಲ್ಲೂ ಎಡಗಡೆಯ ಇಂಟರ್ನಲ್ಲೂ ಜೊತೆಯಾಗುತ್ತವೆ. ನಡುಗೆರೆ ದಾಟಿ ಒಂದೇ ಹಗ್ಗ ಹಾಯ್ದ ಹಾಗೆ. ಬಲಗೈ ಬೌಲರ್ ಬಾಲ್ ಬಿಡುವಾಗ ಮೈ ಎಡಕ್ಕೆ ತಿರುಗುತ್ತದೆ, ಎಡಕ್ಕೆ ಬಾಗುತ್ತದೆ. ಎರಡಕ್ಕೂ ಎಡಗಡೆಯ ಇಂಟರ್ನಲ್ ಬೇಕು. ಅದಕ್ಕೂ ಒಂದು ಕ್ಷಣ ಮೊದಲು ಎಡಗೈ ಮೇಲೆದ್ದು ಆ ಪಕ್ಕೆ ಪೂರ್ತಿ ಹಿಗ್ಗಿರುತ್ತದೆ. ಹಿಗ್ಗಿದ ಸ್ನಾಯು ಒಮ್ಮೆಲೇ ಬಿಗಿಯಬೇಕು. ಹರಿಯುವುದು ಆಗಲೇ, ಹೆಚ್ಚಾಗಿ ಪಕ್ಕೆಲುಬಿಗೆ ಅಂಟಿದ ಜಾಗದಲ್ಲಿ. ನನಗೆ ಒತ್ತಿದರೆ ನೋಯುತ್ತಿದ್ದದ್ದೂ ಅಲ್ಲೇ.

ಹತ್ತು ದಿನಕ್ಕೆ ನೋವು ತಗ್ಗಿತು. ಕೂತು ಅತ್ತಿತ್ತ ತಿರುಗುವ ವ್ಯಾಯಾಮ ಶುರು ಮಾಡಿದೆ, ಜಿಮ್‌ಗಳಲ್ಲಿ ಪಕ್ಕೆಗೆ ಅಂತ ಮಾಡಿಸುತ್ತಾರಲ್ಲ, ಅದೇ. ಎರಡೇ ದಿನ. ನೋವು ವಾಪಸ್ ಬಂತು.

ಅದೇ ವಾರ ಸಂಜೆ ಕಡಲತೀರಕ್ಕೆ ಹೋಗಿದ್ದೆ. ಜೂನ್ ಆದ್ದರಿಂದ ದೊಡ್ಡ ಬೋಟ್‌ಗಳೆಲ್ಲ ದಡದಲ್ಲಿ. ದಡದಲ್ಲಿ ನಿಂತೇ ಹಗ್ಗ ಹಿಡಿದು ಎಳೆಯುವ ಏಂಡಿ ಬಲೆಯನ್ನು ಮೀನುಗಾರರು ಎಳೆಯುತ್ತಿದ್ದರು. ಎಲ್ಲರೂ ಹಿಮ್ಮಡಿ ಮರಳಿಗೆ ಊರಿ ಹಿಂದಕ್ಕೆ ವಾಲಿದ್ದರು. ಹಗ್ಗ ಪಕ್ಕದಿಂದ ಜಗ್ಗುತ್ತಿದ್ದರೂ ಅವರ ನಡು ತಿರುಗುತ್ತಿರಲಿಲ್ಲ. ಕಾಲು ಹೆಜ್ಜೆ ಹಾಕುತ್ತಿತ್ತು, ಎದೆ ಮತ್ತು ಸೊಂಟ ಒಂದೇ ತುಂಡಿನ ಹಾಗೆ ಬರುತ್ತಿತ್ತು. ನಾನೂ ಹಗ್ಗಕ್ಕೆ ಕೈ ಹಾಕಿದೆ. ಪಕ್ಕದಲ್ಲಿದ್ದ ಅಜ್ಜ ನನ್ನ ಮುಖ ನೋಡಿ ಹೇಳಿದ: "ಉಸಿರು ಕಟ್ಟಬೇಡ ತಮಾ. ಬಿಡ್ತಾ ಎಳಿ."

ಸೊಂಟದ ಭಾಗದ ಬೆನ್ನೆಲುಬಿನ ಒಂದೊಂದು ಮಣಿ ತಿರುಗುವುದು ಸುಮಾರು 1-2 ಡಿಗ್ರಿ ಮಾತ್ರ. ನಾವು ತಿರುಗುವುದು ಜಾಸ್ತಿ ಎದೆಯ ಭಾಗದಲ್ಲಿ, ತೊಡೆಯ ಕೀಲಿನಲ್ಲಿ. ನಡುವೆ ಇರುವ ಓರೆ ಸ್ನಾಯುಗಳ ದೊಡ್ಡ ಕೆಲಸ ತಿರುಗಿಸುವುದಲ್ಲ, ಬೇಡದ ತಿರುವನ್ನು ತಡೆಯುವುದು. ರೋಗಿಗಳಿಗೆ ಎಷ್ಟು ಸಲ ಹೇಳಿದ್ದೆ ಇದನ್ನು! ನನ್ನ ಪಕ್ಕೆಗೆ ಬಂದಾಗ ಅವಸರ ಮಾಡಿದ್ದೆ.

ಮತ್ತೆ ಮೊದಲಿನಿಂದ ಶುರು. ಬೆನ್ನ ಮೇಲೆ ಮಲಗಿ, ಮಂಡಿ ಮಡಚಿ, ಬಾಯಿಯಿಂದ ನಿಧಾನ ಉಸಿರು ಬಿಡುವುದು. ಪೂರ್ತಿ ಬಿಟ್ಟಾಗ ಕೆಳಗಿನ ಪಕ್ಕೆಲುಬುಗಳು ಒಳಗಿಳಿಯುತ್ತವೆ, ಬೆರಳಿಟ್ಟರೆ ಸ್ನಾಯು ಗಟ್ಟಿಯಾಗಿದ್ದು ತಿಳಿಯುತ್ತದೆ. ಒಂದು ವಾರ ಇಷ್ಟೇ. ಆಮೇಲೆ ಮಂಡಿ ಊರಿ ಸೈಡ್ ಪ್ಲ್ಯಾಂಕ್, ಅಂದರೆ ಪಕ್ಕಕ್ಕೆ ಮಲಗಿ ಮೊಣಕೈ ಊರಿ ಸೊಂಟ ಎತ್ತಿ ಹಿಡಿಯುವುದು, 10 ಸೆಕೆಂಡಿನಿಂದ ಶುರು. ಕಿಟಕಿಯ ಸರಳಿಗೆ ರಬ್ಬರ್ ಬ್ಯಾಂಡ್ ಕಟ್ಟಿ, ಅಡ್ಡ ನಿಂತು, ಎರಡೂ ಕೈಯಿಂದ ಅದನ್ನು ಎದೆಯಿಂದ ಮುಂದೆ ಚಾಚುತ್ತಿದ್ದೆ. ಬ್ಯಾಂಡ್ ಕಿಟಕಿಯ ಕಡೆ ಎಳೆಯುತ್ತದೆ, ನಾವು ತಿರುಗದೆ ನಿಲ್ಲಬೇಕು. ನೋಡಲು ಏನೂ ಇಲ್ಲ. ಪಕ್ಕೆ ನಡುಗುತ್ತಿತ್ತು.

ಕೆಮ್ಮೇ ನನ್ನ ಅಳತೆ. ಬೆಳಿಗ್ಗೆ ಎದ್ದು ಒಮ್ಮೆ ಕೆಮ್ಮುವುದು. ನೋವಿದ್ದರೆ ಆ ದಿನ ಭಾರ ಹೆಚ್ಚಿಸುವುದಿಲ್ಲ. ಐದನೇ ವಾರ ನೋವು ಪೂರ್ತಿ ಹೋಯಿತು. ಮಳೆ ಜೋರಿದ್ದರಿಂದ ಗೆಳೆಯನ ಗೋದಾಮಿನಲ್ಲಿ ನಿಂತಲ್ಲೇ ಬಾಲ್ ಎಸೆದೆ, ಆಮೇಲೆ ನಾಲ್ಕು ಹೆಜ್ಜೆ ಓಡಿ. ಪೂರ್ತಿ ರನ್‌ಅಪ್‌ಗೆ ಎಂಟು ವಾರ ಬೇಕಾಯಿತು.

ಈಗ ಪಕ್ಕೆ ಹಿಡಿದಿದೆ ಅಂತ ಬೌಲಿಂಗ್ ಹುಡುಗರು ಬಂದರೆ ಮೊದಲು ಕೇಳುವುದು, ಯಾವ ಕೈ ಬೌಲರ್ ನೀನು ಅಂತ. ಆಮೇಲೆ, ನೋವು ಬಂದ ಮೇಲೆ ಎಷ್ಟು ಬಾಲ್ ಹಾಕಿದೆ ಅಂತ.